ಇಂಗ್ಲೆಂಡಿನ ಹಳ್ಳಿಗಳಲ್ಲಿ ಕಂಬೈನ್ ತಪ್ಪಿಸಿದ್ದು ಕೊಯ್ಲಿನ ಆಳನ್ನೋ, ಒಕ್ಕಣೆಯ ಆಳನ್ನೋ?

ಕೂಳೆಹೊಲ:
ಎರಡನೇ ಮಹಾಯುದ್ಧ ಮುಗಿದ ಮೇಲೆ ಇಂಗ್ಲೆಂಡಿನ ಹಳ್ಳಿಗಳಲ್ಲಿ ಬೇಸಾಯದ ಆಳುಗಳು ಬೇಗ ಕಡಿಮೆಯಾದರು. ಟ್ರ್ಯಾಕ್ಟರ್ ಜೊತೆಗೆ, ಕೊಯ್ಲು-ಒಕ್ಕಣೆ ಎರಡನ್ನೂ ಹೊಲದಲ್ಲೇ ಒಟ್ಟಿಗೆ ಮಾಡುವ ಕಂಬೈನ್ ಯಂತ್ರವನ್ನೂ ಕಾರಣ ಅನ್ನುತ್ತಾರೆ. ಆದರೆ ಕೊಯ್ದು ಸಿವುಡು ಕಟ್ಟುವ ಬೈಂಡರ್ ಯುದ್ಧಕ್ಕೆ ಮುಂಚೆಯೇ ಇತ್ತಲ್ಲ? ಹಾಗಿದ್ದ ಮೇಲೆ ಕಂಬೈನ್ ಯಾವ ಕೆಲಸ ತಪ್ಪಿಸಿತು?

ಮೆದೆ:
ಬೈಂಡರ್ ಕೊಯ್ದು, ಕಟ್ಟಿ, ನೆಲಕ್ಕೆ ಬೀಳಿಸುತ್ತದೆ, ಅಷ್ಟೇ. ಮಿಕ್ಕದ್ದೆಲ್ಲ ಕೈಕೆಲಸ. ಆರೆಂಟು ಸಿವುಡುಗಳನ್ನು ಎದುರುಬದುರು ಆನಿಸಿ ಗೂಡು ಹಾಕಬೇಕು. ಸಾಲು ಉತ್ತರ-ದಕ್ಷಿಣವಾಗಿದ್ದರೆ ಎರಡೂ ಮಗ್ಗುಲಿಗೆ ಬಿಸಿಲು ತಾಗುತ್ತದೆ. ಓಟ್ಸ್ ಆದರೆ ಮೂರು ಭಾನುವಾರದ ಚರ್ಚಿನ ಗಂಟೆ ಕೇಳುವ ತನಕ ಹೊಲದಲ್ಲೇ ಇರಬೇಕು ಅನ್ನುವ ರೂಢಿ, ಏಕೆಂದರೆ ಅದನ್ನು ಅರೆಹಸಿರು ಇರುವಾಗಲೇ ಕೊಯ್ಯುತ್ತಿದ್ದರು. ಆಮೇಲೆ ಗಾಡಿಗೆ ಹೇರಿ, ಮೆದೆ ಒಟ್ಟಿ, ಮಳೆನೀರು ಇಳಿಯದಂತೆ ಹುಲ್ಲು ಹೊದಿಸುವುದು.

ಅಸಲು ಆಳು ಬೇಕಾದದ್ದು ಚಳಿಗಾಲದ ಒಕ್ಕಣೆಗೆ. ಬಾಡಿಗೆ ಯಂತ್ರ ಬಂತೆಂದರೆ ಹತ್ತು-ಹನ್ನೆರಡು ಜನ: ಮೆದೆಯಿಂದ ಸಿವುಡು ಎಸೆಯುವವರು, ಹುರಿ ಕತ್ತರಿಸುವವರು, ಕಾಳು ಬಿಡಿಸುವ ಡ್ರಮ್ಮಿಗೆ ಉಣಿಸುವವನು, ಹುಲ್ಲು ಒಟ್ಟುವವರು, ಹೊಟ್ಟು ಎಳೆಯುವವನು (ಎಲ್ಲರೂ ತಪ್ಪಿಸಿಕೊಳ್ಳಲು ನೋಡುವ ಕೆಲಸ), ಚೀಲ ಹೊರುವವರು. ಗೋಧಿ ಚೀಲ 18 ಸ್ಟೋನ್, ಅಂದರೆ 114 ಕೆಜಿ. ಬಾರ್ಲಿ 16, ಓಟ್ಸ್ 12. ಅದನ್ನು ಬೆನ್ನಿಗೆ ಹಾಕಿಕೊಂಡು ಕಣಜದ ಮೆಟ್ಟಿಲು ಹತ್ತಬೇಕು. ಕಂಬೈನ್ ನುಂಗಿದ್ದು ಈ ಚಳಿಗಾಲದ ದುಡಿಮೆಯನ್ನು. ಸುಗ್ಗಿಗೆ ಹೊರಗಿನವರನ್ನು ಕರೆಸಬಹುದು. ವರ್ಷಪೂರ್ತಿ ಅಷ್ಟು ಆಳು ಇಟ್ಟುಕೊಳ್ಳುವ ಅಗತ್ಯವೇ ಉಳಿಯಲಿಲ್ಲ.

ಒಣಗಾಳಿ:
ಆಳಿನ ಖರ್ಚು ಇಳಿಯಿತು, ತಾಪತ್ರಯ ಇಳಿಯಲಿಲ್ಲ. ಗೂಡಿನಲ್ಲಿ, ಮೆದೆಯಲ್ಲಿ ತಾನಾಗಿ ಒಣಗುತ್ತಿದ್ದ ಕಾಳು ಕಂಬೈನಿನಿಂದ ಎಷ್ಟೋ ಸಲ 18–20% ತೇವದಲ್ಲೇ ಬರುತ್ತದೆ. ಅಲ್ಲಿಯ ಹವೆಯೇ ಹಾಗೆ. ಹಾಗೇ ಚೀಲ ಕಟ್ಟಿಟ್ಟರೆ ಕಾವು ಏರಿ ಬೂಷ್ಟು ಹಿಡಿಯುತ್ತದೆ. 14ರ ಆಸುಪಾಸಿಗೆ ಇಳಿಸಲು ಡ್ರೈಯರ್ ಬೇಕು. ಅವಸರಪಟ್ಟು ಗಾಳಿಯ ಬಿಸಿ ಏರಿಸಿದರೆ ಮೊಳಕೆಶಕ್ತಿ ಸಾಯುತ್ತದೆ: ಬೀಜಕ್ಕೂ ಮೊಳಕೆ ಬರಿಸಿ ಮಾಲ್ಟ್ ಮಾಡುವ ಬಾರ್ಲಿಗೂ 49 ಡಿಗ್ರಿ ಸೆಲ್ಸಿಯಸ್ ಮಿತಿ, ತೇವ 24% ದಾಟಿದ್ದರೆ 43. ಹಿಟ್ಟಿನ ಗೋಧಿ 66ರವರೆಗೆ ತಾಳುತ್ತದೆ. ಇಷ್ಟೆಲ್ಲ ಬಂಡವಾಳ ಹೂಡುವ ಧೈರ್ಯಕ್ಕೆ 1947ರ ಕೃಷಿ ಕಾಯ್ದೆಯ ಖಾತರಿ ಬೆಲೆಯ ಬೆಂಬಲವಿತ್ತು. ಬೆಲೆಯ ಪರಿಶೀಲನೆ ವರ್ಷವರ್ಷವೂ ನಡೆಯುತ್ತಿತ್ತು.

ಕೂಳೆಹೊಲ:
ಹಾಗಾದರೆ ಬೈಂಡರ್ ಪೂರ್ತಿ ಮೂಲೆ ಸೇರಿತೇ?

ಮೆದೆ:
ಇಲ್ಲ. ಕಂಬೈನಿನ ಡ್ರಮ್ಮು ಹುಲ್ಲನ್ನು ಜಜ್ಜಿ ಮುರಿಯುತ್ತದೆ, ಅದು ಚಾವಣಿಗೆ ಬಾರದು. ಹುಲ್ಲು ಹೊದಿಕೆಯ ಮನೆಗಳಿಗೆಂದೇ ಉದ್ದ ಕಡ್ಡಿಯ ಗೋಧಿ ಬೆಳೆಯುವವರು ಇವತ್ತಿಗೂ ಹಳೆಯ ಬೈಂಡರಿನಲ್ಲೇ ಕೊಯ್ಯುತ್ತಾರೆ. ಬಿಡಿಭಾಗ ಹುಡುಕುವುದೇ ಅವರಿಗೆ ದೊಡ್ಡ ಪಾಡು.