ಎರಡನೇ ಕ್ಲಾಸಿನ ಮಗಳು ‘ಮರ’ವನ್ನು ‘ಮರ್’ ಅಂತ ಓದುತ್ತಾಳೆ, ‘ಬ್ಯಾಟ್’ ಬಿಡಿಸಲು ಬರುವುದಿಲ್ಲ. ಕನ್ನಡ ನಿಲ್ಲಿಸಬೇಕಾ?

ಚಿಂಚವಡದ ಅಮ್ಮ (ಪುಣೆ):

ಎಲ್ಲರಿಗೂ ನಮಸ್ಕಾರ. ನಾವು ಬಾಗಲಕೋಟೆ ಕಡೆಯವರು, ಈಗ ಚಿಂಚವಡದಲ್ಲಿ ಇದ್ದೇವೆ. ಮಗಳು ಇಲ್ಲೇ ಒಂದು ಇಂಗ್ಲಿಷ್ ಮೀಡಿಯಂ ಶಾಲೆಯಲ್ಲಿ ಎರಡನೇ ಕ್ಲಾಸು. ಮರಾಠಿ ಕಡ್ಡಾಯ, ಅದನ್ನು ಚೆನ್ನಾಗಿಯೇ ಓದುತ್ತಾಳೆ. ಕನ್ನಡವನ್ನು ಮನೆಯಲ್ಲಿ ನಮ್ಮ ಅತ್ತೆ ಕಲಿಸುತ್ತಿದ್ದಾರೆ. ಕಾಗುಣಿತ ಮುಗಿದಿದೆ, ಒತ್ತಕ್ಷರ ಈಗ ಶುರುವಾಗಿದೆ.

ತೊಂದರೆ ಇಂಗ್ಲಿಷಿನದು. ಹೊಸ ಪದ ಬಂದರೆ ಕೂಡಿಸಿ ಓದಲು ಬರುವುದಿಲ್ಲ, ಮೊದಲ ಅಕ್ಷರ ನೋಡಿ ಊಹೆ ಮಾಡುತ್ತಾಳೆ. ಪೇರೆಂಟ್ಸ್ ಮೀಟಿಂಗಿನಲ್ಲಿ ಟೀಚರ್ ‘ಫೋನೆಮಿಕ್ ಅವೇರ್ನೆಸ್ (ಪದದೊಳಗಿನ ಬಿಡಿ ಸದ್ದು ಗುರುತಿಸುವುದು) ಕಮ್ಮಿ ಇದೆ, ಮೂರು ಭಾಷೆ ಸೇರಿ ಗೊಂದಲ ಆಗಿದೆ, ಮನೆಯಲ್ಲಿ ಇಂಗ್ಲಿಷೇ ಮಾತಾಡಿ’ ಅಂದರು. ಮನೆಗೆ ಬಂದು ನಾನೇ ಪರೀಕ್ಷೆ ಮಾಡಿದೆ. ‘ಕಮಲ’ದಲ್ಲಿ ‘ಕ’ ತೆಗೆದರೆ ಏನು ಉಳಿಯುತ್ತದೆ ಅಂದೆ. ತಕ್ಷಣ ‘ಮಲ’ ಅಂದಳು, ಹೇಳಿ ತಾನೇ ಬಿದ್ದು ಬಿದ್ದು ನಕ್ಕಳು. ಆದರೆ ‘ಬ್ಯಾಟ್’ನಲ್ಲಿ ‘ಬ್’ ತೆಗೆ ಅಂದರೆ ‘ಟ್’ ಅನ್ನುತ್ತಾಳೆ. ಎಷ್ಟು ಹೇಳಿದರೂ ಅಷ್ಟೇ.

ಇನ್ನೊಂದು. ಕನ್ನಡ ಓದುವಾಗ ‘ಮರ’ ಅನ್ನುವುದು ‘ಮರ್’ ಆಗುತ್ತದೆ, ‘ನಗರ’ ‘ನಗರ್’ ಆಗುತ್ತದೆ. ಮಾತಾಡುವಾಗ ಸರಿಯಾಗಿಯೇ ಹೇಳುತ್ತಾಳೆ, ಓದುವಾಗ ಮಾತ್ರ ಹೀಗೆ. ಅತ್ತೆಗೆ ಇದು ಕಿವಿಗೆ ಚುಚ್ಚಿದ ಹಾಗೆ ಆಗುತ್ತದೆ, ದಿನಾ ಸಂಜೆ ಜಗಳ. ನಮ್ಮವರು ‘ಒಂದೆರಡು ವರ್ಷ ಕನ್ನಡ ನಿಲ್ಲಿಸೋಣ’ ಅನ್ನುತ್ತಿದ್ದಾರೆ. ಗೊತ್ತಿದ್ದವರು ಹೇಳಿ.

ಠಾಣೆ ಎಕ್ಸ್‌ಪ್ರೆಸ್:

ಸುಮ್ನೆ ಯಾಕೆ ಮಗುವಿಗೆ ಹಿಂಸೆ? ಇಲ್ಲಿರುವಷ್ಟು ದಿನ ಇಂಗ್ಲಿಷ್, ಮರಾಠಿ ಸಾಕು. ಕನ್ನಡ ಮಾತಾಡಲು ಬಂದರೆ ಆಯಿತು. ಓದುವುದು ದೊಡ್ಡವಳಾದ ಮೇಲೆ ಬೇಕಿದ್ದರೆ ಕಲಿಯುತ್ತಾಳೆ. ನನ್ನ ಇಬ್ಬರೂ ಮಕ್ಕಳು ಹಾಗೇ ಬೆಳೆದರು, ಏನೂ ನಷ್ಟ ಆಗಿಲ್ಲ.

ಮಾತು ಮದ್ದು (ಮುಂಬೈ, ಸ್ಪೀಚ್ ಥೆರಪಿಸ್ಟ್):

ಮೇಡಂ, ನೀವು ಮಾಡಿದ ಪರೀಕ್ಷೆಯಲ್ಲೇ ಅರ್ಧ ಉತ್ತರ ಇದೆ. ‘ಕಮಲ’ದಿಂದ ‘ಕ’ ತೆಗೆಯಲು ಬಂದಿದೆ ಅಂದರೆ ಮಾತನ್ನು ಅರ್ಥದಿಂದ ಬಿಡಿಸಿ ಬರೀ ಸದ್ದಾಗಿ ಕೇಳಲು ಅವಳಿಗೆ ಗೊತ್ತಿದೆ. ಗೊತ್ತಿಲ್ಲದ್ದು ಅದಕ್ಕಿಂತ ಒಂದು ಮೆಟ್ಟಿಲು ಕೆಳಗಿನದು. ‘ಕ’ ಅನ್ನುವುದು ನಮಗೆ ಒಂದು ಅಕ್ಷರ, ಆದರೆ ಅದರೊಳಗೆ ಎರಡು ಸದ್ದು ಇವೆ, ‘ಕ್’ ಮತ್ತು ‘ಅ’. ಕನ್ನಡ, ಮರಾಠಿ ಎರಡೂ ಲಿಪಿಗಳಲ್ಲಿ ಇವೆರಡು ಒಂದೇ ಗುರುತಿನಲ್ಲಿ ಅಂಟಿಕೊಂಡು ಬರುತ್ತವೆ. ಹಾಗಾಗಿ ‘ಬ್ಯಾಟ್’ನಲ್ಲಿ ‘ಬ್’ ತೆಗೆ ಅಂದರೆ ನಿಮ್ಮ ಮಗಳು ‘ಬ್ಯಾ’ ಪೂರ್ತಿ ತೆಗೆಯುತ್ತಾಳೆ. ಅವಳ ಲೆಕ್ಕದಲ್ಲಿ ಅದು ಒಂದೇ ತುಂಡು! ಕಲಿತದ್ದನ್ನು ಕಲಿತ ಹಾಗೇ ಬಳಸಿದ್ದಾಳೆ.

ಇದು ನಿಮ್ಮ ಮನೆಯೊಂದರ ಕಥೆ ಅಲ್ಲ. 1974ರಲ್ಲಿ ಅಮೆರಿಕದಲ್ಲಿ ಇಸಾಬೆಲ್ ಲಿಬರ್ಮನ್ ಮತ್ತು ಜೊತೆಯವರು ಚಿಕ್ಕ ಮಕ್ಕಳಿಗೆ ಪದ ಹೇಳಿ, ಅದರ ತುಂಡುಗಳನ್ನು ಮೇಜಿನ ಮೇಲೆ ಕುಟ್ಟಿ ಎಣಿಸಲು ಹೇಳಿದ್ದರು. ನಾಲ್ಕು ವರ್ಷದ ಮಕ್ಕಳಲ್ಲಿ ಹತ್ತಿರ ಹತ್ತಿರ ಅರ್ಧ ಜನಕ್ಕೆ ಸಿಲೆಬಲ್ (ಚಪ್ಪಾಳೆಗೆ ಒಂದರಂತೆ ಬರುವ ತುಂಡು) ಎಣಿಸಲು ಬಂತು, ಬಿಡಿ ಸದ್ದು ಎಣಿಸಲು ಒಬ್ಬರಿಗೂ ಬರಲಿಲ್ಲ. ಓದು ಕಲಿಯಲು ಶುರು ಮಾಡಿದ ಆರು ವರ್ಷದವರಲ್ಲಿ ಸುಮಾರು 70 ಶೇಕಡಾ ಮಕ್ಕಳು ಬಿಡಿ ಸದ್ದನ್ನೂ ಎಣಿಸಿದರು. ಇದು ವಯಸ್ಸಿನಿಂದ ಬಂತಾ, ಓದಿನಿಂದ ಬಂತಾ? 1979ರಲ್ಲಿ ಜೋಸೆ ಮೊರೈಸ್ ಮತ್ತು ಸಂಗಡಿಗರು ಪೋರ್ಚುಗಲ್‌ನಲ್ಲಿ ಓದು ಬಾರದ ದೊಡ್ಡವರನ್ನು ಪರೀಕ್ಷಿಸಿದರು. ಪದದ ಮೊದಲ ಸದ್ದು ತೆಗೆಯುವುದು, ಸೇರಿಸುವುದು ಅವರಿಗೆ ತುಂಬಾ ಕಷ್ಟವಾಯಿತು. ದೊಡ್ಡವರಾದ ಮೇಲೆ ಓದು ಕಲಿತವರಿಗೆ ಬಂತು. 1986ರಲ್ಲಿ ಚೀನಾದಲ್ಲಿ ಇನ್ನೂ ಮಜಾ. ಅಲ್ಲಿನ ಸಾಂಪ್ರದಾಯಿಕ ಲಿಪಿ ಮಾತ್ರ ಓದಬಲ್ಲವರಿಗೆ ಈ ಕೆಲಸ ಕಷ್ಟವಾಯಿತು, ಜೊತೆಗೆ ರೋಮನ್ ಅಕ್ಷರದ ಪಿನ್‌ಯಿನ್ ಕಲಿತವರಿಗೆ ಸುಲಭವಾಯಿತು. ಅಂದರೆ ಬಿಡಿ ಸದ್ದು ಕೇಳುವ ಕಿವಿ ಹುಟ್ಟಿನಿಂದ ಬರುವುದಿಲ್ಲ. ಯಾವ ಲಿಪಿ ಓದುತ್ತೇವೆ ಅನ್ನುವುದರ ಮೇಲೆ ಹೋಗುತ್ತದೆ.

ಕನ್ನಡದ ಬಗ್ಗೆಯೇ ಬೇಕಿದ್ದರೆ ಸೊನಾಲಿ ನಾಗ್ ಅವರ ಅಧ್ಯಯನ 2007ರಲ್ಲಿ ಬಂದಿದೆ. ಕನ್ನಡ ಓದುವ ಮಕ್ಕಳಲ್ಲಿ ಅಕ್ಷರದ ಮಟ್ಟದ ಅರಿವು ಬೇಗ ಬರುತ್ತದೆ, ಬಿಡಿ ಸದ್ದಿನ ಅರಿವು ನಿಧಾನ. ಎಲ್ಲಾ ಅಕ್ಷರ ಕೈಹಿಡಿಯಲು ನಾಲ್ಕನೇ ಕ್ಲಾಸಿನವರೆಗೂ ಸಮಯ ಬೇಕಾಗುತ್ತದೆ. ಎರಡನೇ ಕ್ಲಾಸಿಗೇ ಗಾಬರಿ ಬೇಡ.

ಇನ್ನು ‘ಮರ್’. ಇದಕ್ಕೆ ಬೈಯಬೇಡಿ, ದಯವಿಟ್ಟು. ಮರಾಠಿಯಲ್ಲಿ ಪದದ ಕೊನೆಯ ‘ಅ’ ಬರವಣಿಗೆಯಲ್ಲಿ ಇರುತ್ತದೆ, ಬಾಯಲ್ಲಿ ಇರುವುದಿಲ್ಲ. ‘ಘರ’ ಅಂತ ಬರೆದು ‘ಘರ್’ ಅಂತ ಓದುತ್ತಾರೆ. ಹಾಗೆ ಓದು ಅಂತ ಹೇಳುವ ಗುರುತು ಅಲ್ಲಿ ಯಾವುದೂ ಇಲ್ಲ. ನಿಮ್ಮ ಮಗಳು ಅದನ್ನು ಕೇಳಿ ಕೇಳಿ ತಾನೇ ಹಿಡಿದಿದ್ದಾಳೆ, ಕನ್ನಡಕ್ಕೂ ತಂದು ಹಾಕಿದ್ದಾಳೆ. ಸದ್ದಿನ ಅರಿವು ಇಲ್ಲದ ಮಗು ಇದನ್ನು ಮಾಡಲಾರದು. ಅಷ್ಟೇ ಅಲ್ಲ, ‘ಘರ್’ ಅನ್ನುವಾಗ ಅವಳು ಕೊನೆಯ ‘ರ್’ ಅನ್ನು ‘ಅ’ದಿಂದ ಬಿಡಿಸಿಯೇ ಹೇಳುತ್ತಿದ್ದಾಳೆ. ಇಂಗ್ಲಿಷಿಗೆ ಬೇಕಾಗಿರುವುದೂ ಇದೇ ಅಲ್ವಾ? ನಮ್ಮ ಕನ್ನಡ ಹೀಗೆ ವ್ಯಂಜನದಲ್ಲಿ ಪದ ಮುಗಿಸಲು ಒಪ್ಪುವುದಿಲ್ಲ, ಬಸ್ ಬಂದರೆ ಬಸ್ಸು, ಬ್ಯಾಂಕ್ ಬಂದರೆ ಬ್ಯಾಂಕು ಮಾಡಿಬಿಡುತ್ತದೆ. ಮರಾಠಿಯಿಂದ ಅವಳಿಗೆ ಉಪಕಾರವೇ ಆಗಿದೆ. ಒಂದು ಭಾಷೆ ನಿಲ್ಲಿಸಿದರೆ ಇನ್ನೊಂದು ಸುಧಾರಿಸುತ್ತದೆ ಅನ್ನುವ ಲೆಕ್ಕ ನನಗೆ ಒಪ್ಪಿಗೆ ಇಲ್ಲ, ಠಾಣೆಯವರು ಬೇಜಾರು ಮಾಡಿಕೊಳ್ಳಬಾರದು.

ಮಾಡಬೇಕಾದ್ದು ಏನು ಅಂದರೆ, ಅವಳಿಗೆ ಗೊತ್ತಿರುವ ಕನ್ನಡ ಪದದಲ್ಲೇ ಆಟ ಆಡಿಸಿ. ‘ಊರು’ ಹೇಳಿ. ಅದರ ಮುಂದೆ ‘ಮ್’ ಇಟ್ಟರೆ? ಮೂರು. ‘ನ್’ ಇಟ್ಟರೆ ನೂರು, ‘ದ್’ ಇಟ್ಟರೆ ದೂರು, ‘ಸ್’ ಇಟ್ಟರೆ ಸೂರು. ‘ಆರು’ ತಗೊಂಡರೆ ಸಾರು, ಕಾರು, ಯಾರು, ಬಾರು, ಹಾರು. ಮೊದಲು ಸೇರಿಸುವುದು ಮಾಡಿಸಿ, ತೆಗೆಯುವುದು ಆಮೇಲೆ. ತೆಗೆಯುವುದು ಯಾವಾಗಲೂ ಜಾಸ್ತಿ ಕಷ್ಟ. ‘ಮೂರು’ನಲ್ಲಿ ‘ಮ್’ ತೆಗೆದರೆ ಮೊದಮೊದಲು ‘ರು’ ಅನ್ನುತ್ತಾಳೆ ನೋಡಿ. ‘ಊರು’ ಅಂದ ದಿನ ಅವಳಿಗೆ ದಾರಿ ಸಿಕ್ಕಿತು ಅಂತಲೇ. ಬರೀ ಬಾಯಲ್ಲಿ ಬೇಡ, ಸ್ಲೇಟಿನ ಮೇಲೆ ಬರೆದು ತೋರಿಸಿ. ಅಮೆರಿಕದ ನ್ಯಾಷನಲ್ ರೀಡಿಂಗ್ ಪ್ಯಾನೆಲ್ 2000ದಲ್ಲಿ ಹಳೆಯ ಅಧ್ಯಯನಗಳನ್ನೆಲ್ಲ ಜಾಲಾಡಿ ಕೊಟ್ಟ ವರದಿಯಲ್ಲೂ ಇದೇ ಇದೆ, ಸದ್ದನ್ನು ಅಕ್ಷರದ ಜೊತೆ ಸೇರಿಸಿ ಕಲಿಸಿದರೆ ಪರಿಣಾಮ ಹೆಚ್ಚು.

ಮತ್ತೆ, ಇಂಗ್ಲಿಷ್ ಫೋನಿಕ್ಸ್ (ಯಾವ ಅಕ್ಷರಕ್ಕೆ ಯಾವ ಸದ್ದು ಅನ್ನುವ ಪಾಠ) ಹೇಳಿಕೊಡುವಾಗ ಟೀಚರುಗಳು ‘ಬ, ಕ, ಟ’ ಅಂತ ‘ಅ’ ಸೇರಿಸಿಯೇ ಹೇಳುತ್ತಾರೆ, ನಮ್ಮ ಬಾಯಿಗೆ ಅದೇ ಅಭ್ಯಾಸ. ‘ಬ-ಆ್ಯ-ಟ’ ಎಷ್ಟು ವೇಗವಾಗಿ ಹೇಳಿದರೂ ‘ಬ್ಯಾಟ್’ ಆಗುವುದಿಲ್ಲ. ಅದಕ್ಕೇ ಎಳೆಯಬಹುದಾದ ಸದ್ದುಗಳಿಂದ ಶುರು ಮಾಡಿ. ಸ್, ಮ್, ಫ್, ಲ್. ‘ಸ್ಸ್ಸ್’ ಅಂತ ಎಳೆದು ಹಾಗೇ ‘ಸನ್’ಗೆ ಹೋಗಬಹುದು. ಕ್, ಟ್, ಪ್ ಎಳೆಯಲು ಆಗುವುದಿಲ್ಲ, ಅವು ಕೊನೆಗೆ ಇರಲಿ.

ಡೊಂಬಿವಲಿ ಮೇಷ್ಟ್ರು:

ಮೇಲಿನವರು ಚೆನ್ನಾಗಿ ಹೇಳಿದ್ದಾರೆ. ನಾನು ಮುಂಬೈಯಲ್ಲಿ ಕನ್ನಡ ಮೀಡಿಯಂ ಮಕ್ಕಳಿಗೆ ಪಾಠ ಮಾಡಿ ನಿವೃತ್ತನಾದವನು, ಒಂದೆರಡು ಮಾತು ಸೇರಿಸುತ್ತೇನೆ. ಉದ್ದ ಆದರೆ ಕ್ಷಮಿಸಿ, ಸಂಜೆ ಹೊತ್ತು ಬೇರೆ ಕೆಲಸ ಇಲ್ಲ.

ಕಾಗುಣಿತವನ್ನು ಜನ ಬರೀ ಬಾಯಿಪಾಠ ಅಂದುಕೊಂಡಿದ್ದಾರೆ. ಕ, ಕಾ, ಕಿ, ಕೀ ಅಂತ ಅಡ್ಡಸಾಲು ಹೇಳಿಸುತ್ತಾರೆ, ಅಲ್ಲಿಗೆ ಮುಗಿಯಿತು. ಅಡ್ಡ ಓದಿದರೆ ವ್ಯಂಜನ ಒಂದೇ ಇರುತ್ತದೆ, ಸ್ವರ ಬದಲಾಗುತ್ತದೆ. ಅದನ್ನೇ ಕೆಳಮುಖವಾಗಿ ಓದಿಸಿ ನೋಡಿ. ಕಿ, ಗಿ, ಚಿ, ಜಿ, ಟಿ. ಈಗ ಸ್ವರ ನಿಂತಿತು, ವ್ಯಂಜನ ಬದಲಾಯಿತು. ಎರಡೂ ಕಡೆ ಓದಿದ ಮಗುವಿಗೆ ‘ಕಿ’ ಒಳಗೆ ಎರಡು ಸಾಮಾನು ಇವೆ ಅಂತ ಯಾರೂ ಬಾಯಿಬಿಟ್ಟು ಹೇಳಬೇಕಾಗಿಲ್ಲ. ಅಜ್ಜಿಗೆ ಹೇಳಿ, ಅವರು ಇದನ್ನು ಬೇಗ ಹಿಡಿಯುತ್ತಾರೆ.

ಒತ್ತಕ್ಷರ ಶುರು ಅಂದಿರಿ, ಅಲ್ಲಿ ಒಂದು ಗುಂಡಿ ಇದೆ. ‘ಅಮ್ಮ’ ಬರೆಯುವಾಗ ‘ಅ’, ‘ಮ್ಮ’ ಅಂತ ಎರಡು ತುಂಡು. ಚಪ್ಪಾಳೆ ತಟ್ಟಿ ಹೇಳುವಾಗ ‘ಅಮ್’, ‘ಮ’ ಅಂತ ಎರಡು ತುಂಡು. ಕಣ್ಣಿನ ತುಂಡು ಬೇರೆ, ಬಾಯಿಯ ತುಂಡು ಬೇರೆ! ಛಂದಸ್ಸಿನವರಿಗೆ ಇದು ಎಂದೋ ಗೊತ್ತಿತ್ತು. ಒತ್ತಕ್ಷರದ ಹಿಂದಿನ ಅಕ್ಷರ ಗುರು ಅಂತ ಹೈಸ್ಕೂಲಿನಲ್ಲಿ ಪ್ರಸ್ತಾರ ಹಾಕುವಾಗ ಕಲಿಯುತ್ತೇವೆ, ಯಾಕೆ ಗುರು ಅಂತ ಯಾರೂ ಕೇಳುವುದಿಲ್ಲ. ಒತ್ತಿನ ಅರ್ಧ ಸದ್ದು ಹಿಂದಿನ ಅಕ್ಷರಕ್ಕೆ ಹೋಗಿ ಕೂರುತ್ತದೆ, ಅದಕ್ಕೇ ಅದು ಭಾರ. ಹಳಗನ್ನಡದ ಆದಿಪ್ರಾಸ ನೋಡಿ, ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ವ್ಯಂಜನ ಒಂದೇ ಇರಬೇಕು, ಅದರ ಮೇಲಿನ ಸ್ವರ ಏನಾದರೂ ಇರಲಿ. ವ್ಯಂಜನವನ್ನು ಸ್ವರದಿಂದ ಬಿಡಿಸಿ ಕೇಳದೆ ಇಂಥ ನಿಯಮ ಹುಟ್ಟುತ್ತದಾ? ಅಕ್ಷರದ ಲಿಪಿ ಓದುವವರಿಗೆ ಬಿಡಿ ಸದ್ದು ಸಿಗುವುದೇ ಇಲ್ಲ ಅಂತ ಯಾರಾದರೂ ಹೇಳಿದರೆ ಈ ಪ್ರಾಸ ತೋರಿಸಿ.

ಮಗುವಿಗೆ ಛಂದಸ್ಸು ಬೇಡ. ‘ಕತೆ’, ‘ಕತ್ತೆ’ ಎರಡಕ್ಕೂ ಚಪ್ಪಾಳೆ ತಟ್ಟಿಸಿ, ಕಿವಿಗೆ ವ್ಯತ್ಯಾಸ ಸಿಕ್ಕ ಮೇಲೆ ಬರೆಯಿಸಿ. ಅರ್ಕಾವತ್ತು ಇನ್ನೊಂದು ತಲೆನೋವು. ‘ವರ್ಷ’ದಲ್ಲಿ ಆ ಗುರುತು ‘ಷ’ದ ಆಚೆ ಇರುತ್ತದೆ, ಸದ್ದು ‘ಷ’ಕ್ಕಿಂತ ಮೊದಲು ಬರುತ್ತದೆ. ಮಕ್ಕಳು ತಪ್ಪಿದರೆ ಮಕ್ಕಳ ತಪ್ಪಲ್ಲ.

‘ಕ’ ಭಾಷೆ ಆಡುತ್ತಿದ್ದಿರಲ್ಲ ಚಿಕ್ಕಂದಿನಲ್ಲಿ, ಪ್ರತಿ ಅಕ್ಷರದ ಮುಂದೆ ‘ಕ’ ಹಾಕಿ? ‘ನೀನು’ ಹೋಗಿ ‘ಕನೀಕನು’. ಮರಾಠಿ ಮಕ್ಕಳದು ‘ಚ’ ಭಾಷೆ, ಅದು ಇನ್ನೂ ಚುರುಕು. ಮೊದಲ ಅಕ್ಷರ ಎತ್ತಿ ಕೊನೆಗೆ ಹಾಕಿ, ಮುಂದೆ ‘ಚ’ ಇಡುತ್ತಾರೆ. ‘ಕುಠೆ’ (ಎಲ್ಲಿ) ಹೋಗಿ ‘ಚಠೆಕು’. ನಿಮ್ಮ ಸೊಸೈಟಿಯ ಮಕ್ಕಳು ಆಡುತ್ತಿದ್ದರೆ ಕಳಿಸಿ. ಇದಕ್ಕಿಂತ ಒಳ್ಳೆಯ ಟ್ಯೂಷನ್ ದುಡ್ಡು ಕೊಟ್ಟರೂ ಸಿಗುವುದಿಲ್ಲ.

ವಾಸ್ಕೋ ಹುಡುಗಿ (ಗೋವಾ):

ನನ್ನ ಮಗ ಇಲ್ಲಿ ದೇವನಾಗರಿಯಲ್ಲಿ ಕೊಂಕಣಿ, ಮರಾಠಿ ಕಲಿತು ಆಮೇಲೆ ಕನ್ನಡಕ್ಕೆ ಬಂದವನು. ‘ಮರ್’ ನಮ್ಮಲ್ಲೂ ಇತ್ತು. ದೊಡ್ಡ ಅಕ್ಷರದ ಪುಸ್ತಕವನ್ನು ಅವನ ಜೊತೆ ನಾನೂ ಗಟ್ಟಿಯಾಗಿ ಓದುತ್ತಾ ಹೋದೆ, ತಿದ್ದಲಿಲ್ಲ, ತಾನೇ ಹೋಯಿತು. ಹೋಗದೆ ಉಳಿದದ್ದು ಎ-ಏ, ಒ-ಓ. ಮರಾಠಿಯಲ್ಲಿ ಇವಕ್ಕೆ ಗಿಡ್ಡ, ಉದ್ದ ಅಂತ ಬೇರೆ ಬೇರೆ ಗುರುತು ಇಲ್ಲ. ಹಾಗಾಗಿ ‘ಬೆಳೆ’, ‘ಬೇಳೆ’ ಎರಡೂ ಒಂದೇ ಥರ ಬರೆಯುತ್ತಾನೆ, ‘ಕೊಡು’, ‘ಕೋಡು’ ಕೂಡ. ಚಿಂಚವಡದವರೆ, ಇದನ್ನು ಈಗಲೇ ನೋಡಿಕೊಳ್ಳಿ. ಓದಿನಲ್ಲಿ ಕಾಣುವುದಿಲ್ಲ, ಉಕ್ತಲೇಖನದಲ್ಲಿ ಕಾಣುತ್ತದೆ.

ಠಾಣೆ ಎಕ್ಸ್‌ಪ್ರೆಸ್:

ಬೇಜಾರೇನೂ ಇಲ್ಲ. ಆದರೆ ಶಾಲೆಯಲ್ಲಿ ಮಾರ್ಕ್ಸ್ ಕೊಡುವುದು ಇಂಗ್ಲಿಷಿಗೆ, ‘ಊರು-ಮೂರು’ಗೆ ಅಲ್ಲ. ಅದೂ ನೋಡಬೇಕಲ್ಲ.

ಚಿಂಚವಡದ ಅಮ್ಮ (ಪುಣೆ):

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಕಾಗುಣಿತ ಮೇಲಿಂದ ಕೆಳಗೆ ಓದಿಸುವುದು ಅತ್ತೆಗೆ ಹೇಳಿದೆ, ‘ಅದೇನು ಹೊಸ ಪದ್ಧತಿ’ ಅಂತ ಗೊಣಗಿದರೂ ಚಾರ್ಟ್ ಗೋಡೆಗೆ ಅಂಟಿಸಿದ್ದಾರೆ. ಒಂದು ಕೇಳಲಾ? ಇದು ಡಿಸ್ಲೆಕ್ಸಿಯಾ (ಓದು ಕಲಿಯುವುದರಲ್ಲೇ ಇರುವ ತೊಂದರೆ) ಆಗಿರಬಹುದಾ? ಯಾವಾಗ ತೋರಿಸಬೇಕು? ಶಾಲೆಗೆ ಏನು ಹೇಳಲಿ?

ಮಾತು ಮದ್ದು (ಮುಂಬೈ, ಸ್ಪೀಚ್ ಥೆರಪಿಸ್ಟ್):

ಇಲ್ಲಿ ಬರೆದದ್ದನ್ನು ಓದಿ ಹೌದು, ಅಲ್ಲ ಅನ್ನುವುದು ಸರಿಯಲ್ಲ. ಆದರೆ ನಾನು ಮೊದಲು ನೋಡುವುದು ಇದು: ತೊಂದರೆ ಒಂದೇ ಭಾಷೆಯಲ್ಲಿ ಇದೆಯಾ, ಎಲ್ಲದರಲ್ಲೂ ಇದೆಯಾ. ನಿಮ್ಮ ಮಗಳು ಮರಾಠಿ ಚೆನ್ನಾಗಿ ಓದುತ್ತಾಳೆ ಅಂದಿರಿ. ಇಂಗ್ಲಿಷಿನ ಸ್ಪೆಲಿಂಗೇ ಅಡ್ಡಾದಿಡ್ಡಿ. 2003ರಲ್ಲಿ ಯುರೋಪಿನ ಭಾಷೆಗಳನ್ನು ಹೋಲಿಸಿ ನೋಡಿದಾಗ ಮೊದಲ ವರ್ಷದ ಕೊನೆಗೆ ಫಿನ್ನಿಶ್ ಮಕ್ಕಳು ಹೆಚ್ಚುಕಮ್ಮಿ ಎಲ್ಲಾ ಪದ ಓದುತ್ತಿದ್ದರು, ಇಂಗ್ಲಿಷ್ ಓದುವ ಮಕ್ಕಳು ಮೂರರಲ್ಲಿ ಒಂದು ಪದ ಮಾತ್ರ. ಅವರದ್ದೇ ಭಾಷೆ, ಆದರೂ! ಮರಾಠಿ, ಕನ್ನಡದಲ್ಲೂ ಅಕ್ಷರ ನೆನಪು ಉಳಿಯದೆ ಇದ್ದರೆ, ಪ್ರಾಸದ ಪದ ಹೇಳಲು ಬರದಿದ್ದರೆ, ಮನೆಯಲ್ಲಿ ಬೇರೆ ಯಾರಿಗಾದರೂ ಓದಿನ ತೊಂದರೆ ಇದ್ದಿದ್ದರೆ ಆಗ ತಡ ಮಾಡಬಾರದು. ಏನೇ ಇರಲಿ, ಕಿವಿ ಮತ್ತು ಕಣ್ಣಿನ ಪರೀಕ್ಷೆ ಈಗಲೇ ಮಾಡಿಸಿ. ಆಗಾಗ ನೆಗಡಿಯಾಗಿ ಕಿವಿಯಲ್ಲಿ ನೀರು ತುಂಬುವ ಮಕ್ಕಳಿಗೆ ಸದ್ದಿನ ಸಣ್ಣ ವ್ಯತ್ಯಾಸ ಗೊತ್ತಾಗುವುದಿಲ್ಲ. ಡಿಸ್ಲೆಕ್ಸಿಯಾದಂಥ ಕಲಿಕಾ ನ್ಯೂನತೆಯ ಸರ್ಟಿಫಿಕೇಟಿಗೆ ಬೇಕಾದ ಪೂರ್ತಿ ಪರೀಕ್ಷೆಯನ್ನು ಸಾಮಾನ್ಯವಾಗಿ 8 ವರ್ಷದ ಹೊತ್ತಿಗೆ ಮಾಡುತ್ತಾರೆ. 2016ರ ಅಂಗವಿಕಲರ ಹಕ್ಕುಗಳ ಕಾಯಿದೆಯಲ್ಲಿ ಇದೂ ಸೇರಿದೆ. ಆದರೆ ಮನೆಯಲ್ಲಿ ಸಹಾಯ ಮಾಡಲು ಅಲ್ಲಿಯವರೆಗೆ ಕಾಯಬೇಕಾಗಿಲ್ಲ.

ಶಾಲೆಗೆ ಎರಡು ಮಾತು ಹೇಳಿ. ಒಂದು, ಅವಳು ಎರಡು ಲಿಪಿಯಲ್ಲಿ ಓದುತ್ತಾಳೆ, ಮರಾಠಿ ಟೀಚರನ್ನೂ ಕೇಳಿ ಅಂತ. ಎರಡು, ಇಂಗ್ಲಿಷಿನಲ್ಲಿ ಬಿಡಿ ಸದ್ದು ಕೂಡಿಸುವುದನ್ನು ನಾಲ್ಕೈದು ಮಕ್ಕಳ ಚಿಕ್ಕ ಗುಂಪಿನಲ್ಲಿ ಮಾಡಿಸಲು ಆಗುತ್ತದಾ ಅಂತ. ಮನೆಯಲ್ಲಿ ಇಂಗ್ಲಿಷ್ ಮಾತಾಡಿದರೆ ಇದು ಬರುವುದಿಲ್ಲ, ಕಲಿಸಿದರೆ ಬರುತ್ತದೆ. ಠಾಣೆಯವರಿಗೂ ಅದೇ ಉತ್ತರ: ‘ಊರು-ಮೂರು’ ಬಂದ ಮಗುವಿಗೆ ‘ಆ್ಯಟ್-ಬ್ಯಾಟ್’ ಬೇರೆ ಪಾಠ ಅಲ್ಲ.

ಡೊಂಬಿವಲಿ ಮೇಷ್ಟ್ರು:

ಉಕ್ತಲೇಖನ ಕೊಡುವಾಗ ಅಜ್ಜಿ ‘ಬೇಳೆ’ಯನ್ನು ಎಳೆದು ಎಳೆದು ಹೇಳಬಾರದು. ಮಾತಿನಲ್ಲಿ ಹೇಗೆ ಬರುತ್ತದೋ ಹಾಗೇ ಹೇಳಲಿ. ಎಳೆದರೆ ಮಗು ಆ ಎಳೆತವನ್ನು ಬರೆಯುತ್ತದೆ, ಪದವನ್ನಲ್ಲ.