ಕೋರ್ಟ್ ಕಮಿಷನರ್ ಅಳತೆ ತಪ್ಪಾಗಿದ್ದರೆ ಏನು ಮಾಡಬೇಕು?

ಪ್ರಶ್ನೆ: ತಂದೆಯಿಂದ ಬಂದ 2 ಎಕರೆ 10 ಗುಂಟೆಯಲ್ಲಿ ಪಕ್ಕದವರು ಸುಮಾರು 4 ಗುಂಟೆ ಒತ್ತುವರಿ ಮಾಡಿದ್ದಾರೆಂದು ದಾವೆ ಹೂಡಿದ್ದೇನೆ. ನ್ಯಾಯಾಲಯ ಸರ್ವೇಯರೊಬ್ಬರನ್ನು ಕಮಿಷನರ್ ಆಗಿ ನೇಮಿಸಿತು. ಅವರು ಅಳತೆಗೆ ಬಂದದ್ದು ನನಗೆ ಗೊತ್ತೇ ಆಗಲಿಲ್ಲ. ಈಗಿರುವ ಬೇಲಿಯಿಂದ ಅಳೆದು, ಒತ್ತುವರಿ ಇಲ್ಲವೆಂದು ವರದಿ ಕೊಟ್ಟಿದ್ದಾರೆ. ತಕರಾರು ಇರುವುದೇ ಆ ಬೇಲಿಯ ಬಗ್ಗೆ! ನನ್ನ ದಾವೆ ಬಿದ್ದುಹೋದಂತೆಯೇ?

ವಕೀಲರ ಉತ್ತರ: ಖಂಡಿತ ಇಲ್ಲ. ಕಮಿಷನರ್ ವರದಿ ತೀರ್ಪಲ್ಲ, ಸಾಕ್ಷ್ಯಗಳಲ್ಲಿ ಒಂದು. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆರ್ಡರ್ 26, ರೂಲ್ 10ರ ಪ್ರಕಾರ ವರದಿ ಕಡತದ ಭಾಗವಾಗುತ್ತದೆ. ಆದರೆ ನ್ಯಾಯಾಲಯದ ಅನುಮತಿ ಪಡೆದು ಕಮಿಷನರನ್ನೇ ಸಾಕ್ಷಿಕಟ್ಟೆಗೆ ಕರೆಸಿ ಪ್ರಶ್ನಿಸಬಹುದು. ಅವರ ಕೆಲಸ ತೃಪ್ತಿಕರವಲ್ಲ ಎನಿಸಿದರೆ ನ್ಯಾಯಾಲಯ ಮತ್ತೆ ಅಳತೆಗೆ ಆದೇಶಿಸಬಹುದು.

‘ವರದಿ ಏಕಪಕ್ಷೀಯ, ಎದುರುದಾರರೊಂದಿಗೆ ಶಾಮೀಲಾಗಿದ್ದಾರೆ’ ಎಂದಷ್ಟೇ ಬರೆದ ಆಕ್ಷೇಪಣೆಗಳನ್ನು ನಾನು ಬಹಳ ನೋಡಿದ್ದೇನೆ. ಅವು ನಿಲ್ಲುವುದಿಲ್ಲ. ಮೂಲ ಸರ್ವೇ ಟಿಪ್ಪಣಿ (ಮೊದಲ ಅಳತೆಯ ದಾಖಲೆ), ಆಕಾರಬಂದ್ (ಸರ್ವೇ ನಂಬರಿನ ವಿಸ್ತೀರ್ಣ, ಕಂದಾಯದ ದಾಖಲೆ), ಗ್ರಾಮ ನಕ್ಷೆ, ಹಿಸ್ಸಾ (ಜಮೀನಿನ ಪಾಲು) ಆಗಿದ್ದರೆ ಅದರ ನಕ್ಷೆ, ಇವುಗಳ ದೃಢೀಕೃತ ನಕಲುಗಳನ್ನು ತೆಗೆಸಿ. ಆಮೇಲೆ ವರದಿಯೊಂದಿಗೆ ಸಾಲು ಸಾಲಾಗಿ ಹೋಲಿಸಿ. ಯಾವ ಬಾಂದು ಕಲ್ಲಿನಿಂದ (ಗಡಿ ಕಲ್ಲಿನಿಂದ) ಅಳತೆ ಶುರುವಾಯಿತು? ಟಿಪ್ಪಣಿ ಕೈಯಲ್ಲಿತ್ತೇ? ಪಕ್ಕದ ಸರ್ವೇ ನಂಬರನ್ನೂ ಅಳೆದರೇ? ನ್ಯಾಯಾಲಯ ಕೊಟ್ಟ ಪ್ರಶ್ನೆಗಳಿಗೆಲ್ಲ ಉತ್ತರವಿದೆಯೇ? ಜಮೀನು ಯಾರ ಸ್ವಾಧೀನದಲ್ಲಿದೆ ಎಂದೇನಾದರೂ ಅವರು ಬರೆದಿದ್ದರೆ ಅದನ್ನೂ ವಿರೋಧಿಸಿ. ಅದನ್ನು ತೀರ್ಮಾನಿಸುವುದು ನ್ಯಾಯಾಲಯ, ಕಮಿಷನರ್ ಅಲ್ಲ.

ನೋಟಿಸಿನ ವಿಷಯ ಜೋಪಾನ. ನಿಮಗೂ ನಿಮ್ಮ ವಕೀಲರಿಗೂ ತಿಳಿಸದೆ ಅಳೆದಿದ್ದರೆ ಅದು ದೊಡ್ಡ ಲೋಪ. ಆದರೆ ವಕೀಲರು ನೋಟಿಸಿಗೆ ಸಹಿ ಹಾಕಿದ್ದು, ನಿಮಗೆ ತಿಳಿಸಲು ಮರೆತಿದ್ದರೆ ಈ ವಾದ ಉಳಿಯುವುದಿಲ್ಲ. ಮೊದಲು ಕಡತ ನೋಡಿ.

ನಿವೃತ್ತ ಸರ್ವೇಯರ್: ಒಂದು ಮಾತು ಸೇರಿಸುತ್ತೇನೆ. ಬೇಲಿ ಗಡಿಯಲ್ಲ. ಬೇಲಿಯಿಂದ ಅಳೆದರೆ ಈಗ ಯಾರು ಎಲ್ಲಿಯವರೆಗೆ ಉಳುತ್ತಿದ್ದಾರೆಂದು ಗೊತ್ತಾಗುತ್ತದೆಯೇ ಹೊರತು ಗಡಿ ಸಿಗುವುದಿಲ್ಲ. ಕಲ್ಲು ಕಿತ್ತುಹೋಗಿದ್ದರೆ ಅಕ್ಕಪಕ್ಕದ ನಂಬರುಗಳು ಕೂಡುವ ಕಡೆಯ ಹಳೆಯ ಕಲ್ಲುಗಳನ್ನು ಹುಡುಕಿ, ಅಲ್ಲಿಂದ ಟಿಪ್ಪಣಿಯ ಅಳತೆ ಕೂಡಿಸಬೇಕು. ಹಳೆಯ ಟಿಪ್ಪಣಿ 33 ಅಡಿಯ ಸರಪಳಿ ಲೆಕ್ಕದ್ದು. 33 ಅಡಿ ಚೌಕವೇ ಒಂದು ಗುಂಟೆ, ಅಂದರೆ 1,089 ಚದರ ಅಡಿ. ವರದಿಯ ನಕ್ಷೆಯಲ್ಲಿ ಎಲ್ಲ ಹಿಸ್ಸೆಗಳನ್ನೂ ಖರಾಬನ್ನೂ (ಸಾಗುವಳಿಗೆ ಬಾರದ ಭಾಗ) ಕೂಡಿಸಿ ನೋಡಿ. ಮೊತ್ತ ಆಕಾರಬಂದಿಗೆ ತಾಳೆಯಾಗದಿದ್ದರೆ ಕೇಳಬೇಕಾದ ಮೊದಲ ಪ್ರಶ್ನೆ ಅದೇ.

ಪ್ರಶ್ನೆ: ಭೂದಾಖಲೆಗಳ ಉಪನಿರ್ದೇಶಕರಿಗೆ ದೂರು ಕೊಟ್ಟು ವರದಿ ರದ್ದು ಮಾಡಿಸು ಎನ್ನುತ್ತಿದ್ದಾರೆ. ಸರಿಯೇ?

ವಕೀಲರು: ಬೇಡ, ದಯವಿಟ್ಟು ಆ ದಾರಿಯಲ್ಲಿ ವಾಯಿದೆ ಕಳೆದುಕೊಳ್ಳಬೇಡಿ. ಇದು ನ್ಯಾಯಾಲಯಕ್ಕೆ ಸಲ್ಲಿಸಿದ ವರದಿ, ಪ್ರಶ್ನಿಸಬೇಕಾದದ್ದೂ ಅಲ್ಲಿಯೇ. ಲಿಖಿತ ಆಕ್ಷೇಪಣೆಯ ಜೊತೆಗೆ ಕಮಿಷನರನ್ನು ಕರೆಸುವ ಅರ್ಜಿಯನ್ನೂ ಹಾಕಿಸಿ. ಪಾಟಿ ಸವಾಲಿಗೆ ಒಳಪಡಿಸದೆ ಬಿಟ್ಟ ವರದಿಯನ್ನು ವಾದದ ಹಂತದಲ್ಲಿ ಅಲ್ಲಗಳೆಯುವುದು ತುಂಬಾ ಕಷ್ಟ. ಮೊದಲನೆಯ ವರದಿಯ ದೋಷ ತೋರಿಸದೆ ನೇರವಾಗಿ ಇನ್ನೊಬ್ಬ ಕಮಿಷನರನ್ನು ಕೇಳಿದರೆ ಅರ್ಜಿ ವಜಾ ಆಗುವುದೇ ಹೆಚ್ಚು. ಆಕ್ಷೇಪಣೆ ತಳ್ಳಿಹಾಕಿದರೆ ಸಂವಿಧಾನದ 227ನೆಯ ವಿಧಿಯಡಿ ಹೈಕೋರ್ಟಿಗೆ ಹೋಗಬಹುದು. ಹೋಗದಿದ್ದರೂ, ಮುಂದೆ ಮೇಲ್ಮನವಿಯಲ್ಲಿ ಅದೇ ತಕರಾರನ್ನು ಎತ್ತಲು ಸಂಹಿತೆಯ 105ನೆಯ ಕಲಂ ಅವಕಾಶ ಕೊಡುತ್ತದೆ.

ಪ್ರಶ್ನೆ ಕೇಳಿದವರು: ಇಂದು ಕಡತ ನೋಡಿದೆ. ನೋಟಿಸಿನಲ್ಲಿ ಎದುರುದಾರರ ಸಹಿ ಮಾತ್ರ ಇದೆ. ಮಹಜರಿನಲ್ಲಿ (ಸ್ಥಳದಲ್ಲಿ ಬರೆದ ದಾಖಲೆ) ಎದುರುದಾರರ ತಮ್ಮನೇ ಪಂಚ, ಅಂದರೆ ಸಾಕ್ಷಿ.

ವಕೀಲರು: ಎರಡರ ದೃಢೀಕೃತ ನಕಲಿಗೂ ನಾಳೆಯೇ ಅರ್ಜಿ ಹಾಕಿ. ಆಕ್ಷೇಪಣೆಯ ಮೊದಲ ಪ್ಯಾರಾದಲ್ಲಿ ಬರಬೇಕಾದದ್ದು ಇದು, ಬೇಲಿಯ ವಿಷಯ ಎರಡನೆಯದು.