ಶೆಟ್ಟಿ ಎಷ್ಟು ಸಲ ಸತ್ತ?

ಶೆಟ್ಟಿ ಎಷ್ಟು ಸಲ ಸತ್ತ ಎಂಬಲ್ಲಿಂದ ಜಗಳ ಶುರುವಾಯಿತು. ಹನ್ನೊಂದು ಸಲ ಎಂದು ಪಾಟೀಲನ ಲೆಕ್ಕ. ಒಂಬತ್ತೇ ಎಂದು ಶೆಟ್ಟಿಯ ಹಟ.

“ಸತ್ತವನು ನಾನು. ನನಗಿಂತ ನಿನಗೆ ಹೆಚ್ಚು ಗೊತ್ತೇ?” ಎಂದು ಅವನು ತೊಡೆದೇವಿನ ಒಂದು ಮಡಿಕೆ ಮುರಿದು ಬಾಯಿಗೆ ಹಾಕಿಕೊಂಡ.

ಕಷಾಯದ ಲೋಟಗಳನ್ನು ತರುತ್ತಿದ್ದ ಭಟ್ಟನ ಆಯಿ ಹೊಸ್ತಿಲಲ್ಲೇ ನಿಂತರು. “ಯಾರು ಸತ್ತರೋ ತಮ್ಮಾ?”

“ಶೆಟ್ಟಿ, ಆಯಿ.”

ಆಯಿ ಶೆಟ್ಟಿಯನ್ನು ಅಡಿಯಿಂದ ಮುಡಿಯವರೆಗೆ ನೋಡಿದರು. ಅವನು ಎರಡನೆಯ ತೊಡೆದೇವಿಗೆ ಕೈ ಚಾಚಿದ್ದ. “ಪಾಪ, ಹಸಿವು ಮಾತ್ರ ಉಳಿದಿದೆ” ಎಂದು ಲೋಟ ಇಟ್ಟು ಒಳಗೆ ಹೋದರು.

ನಾವು ನಾಲ್ವರೂ ಇಪ್ಪತ್ತು ವರ್ಷಗಳ ಹಿಂದೆ ಒಂದೇ ಹಾಸ್ಟೆಲಿನ ಒಂದೇ ಕೋಣೆಯಲ್ಲಿದ್ದವರು. ಈಗ ಶೆಟ್ಟಿ ಡಬ್ಲಿನ್ನಿನಲ್ಲಿ, ಪಾಟೀಲ ಹುಬ್ಬಳ್ಳಿಯಲ್ಲಿ, ಭಟ್ಟ ಬೆಂಗಳೂರಿನಲ್ಲಿ, ನಾನು ಶಿವಮೊಗ್ಗದಲ್ಲಿ. ಆರು ವರ್ಷಗಳಿಂದ ಮುಖ ನೋಡಿರಲಿಲ್ಲ. ಜನವರಿಯಲ್ಲಿ ಶೆಟ್ಟಿ ರಜೆಗೆ ಬಂದನೆಂದು ಶಿರಸಿ ಹತ್ತಿರದ ಭಟ್ಟನ ಮನೆಯ ಜಗಲಿಯಲ್ಲಿ ಕೂಡಿದೆವು. ಮಕ್ಕಳ ಓದು, ಮನೆಸಾಲ, ಸಕ್ಕರೆ ಕಾಯಿಲೆ ಇವುಗಳ ಬಗ್ಗೆ ಮಾತಾಡಬೇಕಾದ ವಯಸ್ಸು. ಮಾತಾಡಿದ್ದೆಲ್ಲ ವ್ಯಾಲ್ಹೈಮ್ ಬಗ್ಗೆ.

ಗೊತ್ತಿಲ್ಲದವರಿಗಾಗಿ ಎರಡು ಮಾತು. ಇದು ಸ್ವೀಡನ್ನಿನ ಸ್ಕೋವ್ಡೆ ಎಂಬ ಊರಿನಲ್ಲಿ ಐದು ಜನರ ಪುಟ್ಟ ತಂಡ ಮಾಡಿದ ಕಂಪ್ಯೂಟರ್ ಆಟ. 2021ರ ಫೆಬ್ರುವರಿ 2ರಂದು ಇನ್ನೂ ಪೂರ್ತಿ ಬೇಯದೆಯೇ ಮಾರಾಟಕ್ಕೆ ಬಂತು. ಕೊರೊನಾಕ್ಕೆ ಹೆದರಿ ಮನೆಯೊಳಗೆ ಕೂತಿದ್ದ ಜಗತ್ತು ಒಂದು ತಿಂಗಳ ಆಚೀಚೆಗೆ 50 ಲಕ್ಷ ಪ್ರತಿ ಕೊಂಡುಕೊಂಡಿತು. ಯುದ್ಧದಲ್ಲಿ ಮಡಿದ ವೈಕಿಂಗ್ ವೀರರನ್ನು ಓಡಿನ್ ಎಂಬ ದೇವರು ಹತ್ತನೆಯ ಲೋಕವೊಂದಕ್ಕೆ ಕಳುಹಿಸುತ್ತಾನೆ. ಅಲ್ಲಿ ಮರ ಕಡಿದು, ಮನೆ ಕಟ್ಟಿ, ಬೇಟೆಯಾಡಿ, ರಾಕ್ಷಸರನ್ನು ಗೆದ್ದು ಬದುಕಬೇಕು. ಒಂದು ಜಗತ್ತಿನಲ್ಲಿ ಹತ್ತು ಜನರವರೆಗೆ ಒಟ್ಟಿಗಿರಬಹುದು.

“ಅಂದರೆ ಆಟ ಶುರುವಾಗುವುದೇ ಸತ್ತ ಮೇಲೆ” ಎಂದ ಭಟ್ಟ. ಅವನಿಗೆ ಲೆಕ್ಕ ಚೊಕ್ಕವಾಗಿರಬೇಕು. “ಅದನ್ನೂ ಸೇರಿಸಿದರೆ ಶೆಟ್ಟಿಯದು ಹನ್ನೆರಡು.”

ನಮ್ಮ ಜಗತ್ತು ಇರುವುದು ಪಾಟೀಲನ ಕಂಪ್ಯೂಟರಿನಲ್ಲಿ. ಅವನು ತೆರೆದರೆ ಸೃಷ್ಟಿ, ಮುಚ್ಚಿದರೆ ಲಯ. ಹುಬ್ಬಳ್ಳಿಯಲ್ಲಿ ಕರೆಂಟು ಹೋದರೆ ಡಬ್ಲಿನ್ನಿನಲ್ಲಿ ಶೆಟ್ಟಿ “ಅಯ್ಯೋ” ಎನ್ನುತ್ತಾನೆ. ಒಳಗೆ ಬರಲು ಗುಪ್ತಪದ ಬೇಕು; ಪಾಟೀಲ ಇಟ್ಟದ್ದು ನಮ್ಮ ಹಾಸ್ಟೆಲ್ ವಾರ್ಡನ್ನರಿಗೆ ನಾವಿಟ್ಟಿದ್ದ ಅಡ್ಡಹೆಸರು. ಯಾರೂ ಬರೆದುಕೊಳ್ಳಬೇಕಾಗಲಿಲ್ಲ. ಇಲ್ಲಿ ಬರೆಯುವಂತೆಯೂ ಇಲ್ಲ, ಅವರು ಪತ್ರಿಕೆ ಓದುತ್ತಾರೆ.

ಮೂವರೂ ಆಡಲು ಶುರುಮಾಡಿ ಮೂರು ತಿಂಗಳಾದ ಮೇಲೆ ನಾನು ಸೇರಿದೆ. ತಡವಾಗಿ ಸೇರುವ ಕಷ್ಟ ಹೊಸ ಸೊಸೆಗೇ ಗೊತ್ತು. ವಾಲ್ಕಿರಿ ಎಂಬ ರೆಕ್ಕೆಯ ಹೆಣ್ಣೊಬ್ಬಳು ನನ್ನನ್ನು ಆಕಾಶದಲ್ಲಿ ಹೊತ್ತು ತಂದು ಕಲ್ಲುಗಂಬಗಳ ನಡುವೆ ಇಳಿಸಿದಳು. ಇಳಿದ ಕೂಡಲೇ ನಾನು ಕೇಳದಿದ್ದರೂ ನನ್ನ ಹೆಸರಿನಲ್ಲಿ ಕೂಗೊಂದು ಎದ್ದಿತು: ನಾನು ಬಂದಿದ್ದೇನೆ! ಆಟವೇ ಎಲ್ಲರ ಪರದೆಯ ಮೇಲೆ ಹಾಗೆ ಡಂಗುರ ಹೊಡೆಯುತ್ತದೆ.

“ಚೆಂಡೆಯಿಲ್ಲದ ಒಡ್ಡೋಲಗ” ಎಂದು ಭಟ್ಟ ನೆನಪಿಸಿಕೊಂಡು ನಕ್ಕ.

“ನಗಬೇಡ. ‘ಅಲ್ಲೇ ನಿಲ್ಲು, ಕರೆದುಕೊಂಡು ಹೋಗಲು ಬರುತ್ತೇವೆ’ ಎಂದವನು ನೀನು. ಬಂದೆಯಾ?”

“ಜೇನು ನೋಡುತ್ತಿದ್ದೆ.”

“ನಾನು ಮಾಡಿನ ಮೇಲಿದ್ದೆ” ಎಂದ ಪಾಟೀಲ.

“ನಾನು ಸತ್ತಿದ್ದೆ” ಎಂದ ಶೆಟ್ಟಿ.

ಕೊನೆಯ ಬಸ್ಸಿಳಿದು ನೆಂಟರಿಗಾಗಿ ಕಾಯುವವನಂತೆ ಹರಕು ಅಂಗಿಯಲ್ಲಿ ನಿಂತೇ ಇದ್ದೆ. ಕಾಗೆಯ ಜಾತಿಯ ದೊಡ್ಡ ಹಕ್ಕಿಯೊಂದು ಬಂದು ಉಪದೇಶ ಮಾಡಿತು. ಕತ್ತಲಾಯಿತು. ಮರದ ಬೇರಿಗೆ ಕಣ್ಣು ಮೂಡಿದಂತಹ ಕುಳ್ಳ ಜೀವವೊಂದು ಬಂದು ಹೊಡೆಯಿತು. ಅಂತೂ ಭಟ್ಟ ಪಂಜು ಹಿಡಿದು ಓಡಿ ಬಂದಾಗ ನಾನು ಉಸಿರಾಡುತ್ತಿದ್ದೆ, ಅಷ್ಟೇ.

ಮನೆ ತುಂಬಿಸಿಕೊಂಡದ್ದೇನೋ ಚೆನ್ನಾಗಿತ್ತು. ಕಂಚಿನ ಎದೆಗವಚ, ಗುರಾಣಿ, ಹತ್ತು ಪಾಲು ಜೇನು. ಮಡಿಲು ತುಂಬಿದ ಐದೇ ನಿಮಿಷಕ್ಕೆ ಕೈಗೆ ಕೊಡಲಿ ಬಂತು: ಮರ ಕಡಿ. ಆಮೇಲೆ ಹೊಳೆ ದಂಡೆಗೆ ಹೋಗಿ ತವರ ಹುಡುಕಿ ತಾ. ಎರಡು ಪಾಲು ತಾಮ್ರಕ್ಕೆ ಒಂದು ಪಾಲು ತವರ ಬೆರೆಸಿದರೆ ಕಂಚು, ನನಗೆ ಕೊಟ್ಟ ಕವಚದ ಸಾಲ ತೀರಬೇಕಲ್ಲ. ಸೊಸೆಗೆ ತವರಿನಿಂದ ಏನಾದರೂ ತಾ ಎನ್ನುವವರನ್ನು ಕೇಳಿದ್ದೆ. ತವರವನ್ನೇ ತಾ ಎಂದವರು ಇವರೇ ಮೊದಲು.

“ಮರ ಕಡಿದ ವಿಷಯಕ್ಕೆ ಬಾ” ಎಂದ ಶೆಟ್ಟಿ. ಹನ್ನೊಂದಕ್ಕೂ ಒಂಬತ್ತಕ್ಕೂ ಇರುವ ವ್ಯತ್ಯಾಸ ಅಲ್ಲೇ ಅಡಗಿತ್ತು.

ಆ ಆಟದಲ್ಲಿ ಮರ ಸುಮ್ಮನೆ ಮಾಯವಾಗುವುದಿಲ್ಲ. ಬುಡ ಕಡಿದರೆ ನಿಜವಾದ ಮರದಂತೆ ವಾಲಿ, ಬೀಳುವ ದಾರಿಯಲ್ಲಿರುವ ಇನ್ನೊಂದು ಮರಕ್ಕೆ ಬಡಿದು, ದಿಮ್ಮಿಯಾಗಿ ಇಳಿಜಾರಿನಲ್ಲಿ ಉರುಳುತ್ತದೆ. ನಾನು ಕಡಿದ ಮೊದಲ ಮರ ಶೆಟ್ಟಿಯ ಮೇಲೆ ಬಿತ್ತು. ಅವನು ಸತ್ತು, ಮನೆಯ ಹಾಸಿಗೆಯಲ್ಲಿ ಮತ್ತೆ ಹುಟ್ಟಿ, ತನ್ನ ಗೋರಿಕಲ್ಲಿನಲ್ಲಿದ್ದ ಸಾಮಾನು ಎತ್ತಿಕೊಳ್ಳಲು ಓಡಿ ಬಂದ. ಅಷ್ಟರಲ್ಲಿ ಎರಡನೆಯ ಮರ.

“ಅವೆರಡೂ ಕೊಲೆ. ಸಾವಿನ ಲೆಕ್ಕಕ್ಕೆ ಬರುವುದಿಲ್ಲ.”

“ಕೊಲೆಯಾದವನು ಬದುಕಿರುತ್ತಾನೇನೋ?” ಎಂದ ಪಾಟೀಲ. “ಸತ್ತರೆ ಕಲಿತ ವಿದ್ಯೆಯಲ್ಲಿ ನೂರಕ್ಕೆ ಐದು ಭಾಗ ಕಳೆದುಹೋಗುತ್ತದೆ. ನಿನ್ನ ಓಟ ನೋಡಿದರೆ ಹನ್ನೊಂದಕ್ಕಿಂತ ಹೆಚ್ಚೇ ಇರಬೇಕು.”

ಪಾಟೀಲನ ಬಾಯಿ ಮುಚ್ಚಿಸಲು ಒಂದೇ ಉಪಾಯ, ಮಾಳಿಗೆಯ ಮಾತು ತೆಗೆಯುವುದು. ಶೆಟ್ಟಿ ತೆಗೆದ.

ಪಾಟೀಲನ ಅಜ್ಜನ ಮನೆ ಇರುವುದು ಬಯಲುಸೀಮೆಯಲ್ಲಿ. ಅಲ್ಲಿಯ ಮನೆಗೆ ಮಾಳಿಗೆ. ಬೇಸಿಗೆಯಲ್ಲಿ ಮೇಲೆ ಮಲಗಬಹುದು, ಮೆಣಸಿನಕಾಯಿ ಒಣಗಿಸಬಹುದು. ಆದ್ದರಿಂದ ನಮ್ಮ ಕಮ್ಮಟಕ್ಕೆ ಅವನು ಅಚ್ಚುಕಟ್ಟಾಗಿ ಹಲಗೆ ಹಾಸಿ ಸಮತಟ್ಟಾದ ಮಾಳಿಗೆ ಮಾಡಿದ. ಕೆಳಗೆ ಬಡಗಿಯ ಮೇಜಿಟ್ಟು ಕೊಡಲಿ ಹರಿತ ಮಾಡಲು ಹೋದರೆ, ಮೇಜಿಗೆ ಸೂರು ಬೇಕು ಎಂದಿತು ಆಟ. ಪಾಟೀಲ ತಲೆಯೆತ್ತಿ ನೋಡಿದ. ಸೂರು ಇದೆ. ಮತ್ತೆ ಒತ್ತಿದ. ಸೂರು ಬೇಕು.

“ಹಲಗೆ ನೆಲಕ್ಕೆ ಮಾತ್ರ. ಮಳೆನೀರು ಸಂದಿನಲ್ಲಿ ಇಳಿಯುತ್ತದೆ ಎಂಬುದು ಅವರ ಶಾಸ್ತ್ರ” ಎಂದ ಭಟ್ಟ. “ಮಳೆಗೆ ಬಿಟ್ಟ ಮರವನ್ನು ಅರ್ಧ ಆಯುಸ್ಸಿಗೆ ಇಳಿಸುತ್ತದೆ ಆ ಆಟ. ಇಳಿಜಾರು ಮಾಡೇ ಬೇಕು. ಮಾಡಿದವರು ಮಲೆನಾಡಿನವರಿರಬೇಕು.”

“ಮೂರು ದಿನ ಕಟ್ಟಿದ್ದೆ” ಎಂದ ಪಾಟೀಲ, ನಿಜವಾಗಿಯೂ ನೊಂದು. “ಸ್ವೀಡನ್ನಿಗೆ ಮಾಳಿಗೆಯೆಂದರೆ ಏನೆಂದು ಗೊತ್ತಿಲ್ಲ. ಒಮ್ಮೆ ಗದಗಕ್ಕೆ ಬಂದು ಮಲಗಿ ನೋಡಲಿ.”

ಸೋತು ಕೆಂಪಾದ ಪಾಟೀಲ ಭಟ್ಟನ ಮಾದರಿಯಲ್ಲೇ ಇಳಿಜಾರು ಮಾಡು ಹೊದಿಸಿದ. ಈ ಸಲ ಛಲಕ್ಕೆ ಬಿದ್ದು ನಾಲ್ಕು ಕಡೆಯೂ ಸಂದಿಲ್ಲದಂತೆ ಮುಚ್ಚಿ, ನಡುವೆ ಬೆಂಕಿ ಹಾಕಿ, ನಮ್ಮನ್ನು ಗೃಹಪ್ರವೇಶಕ್ಕೆ ಕರೆದ. ಹೊಗೆಗೆ ದಾರಿ ಬಿಟ್ಟಿರಲಿಲ್ಲ. ಆ ಲೋಕದಲ್ಲಿ ಹೊಗೆ ನಿಜವಾಗಿಯೂ ಮೇಲೇರುತ್ತದೆ, ಮಾಡಿಗೆ ತಾಗಿ ತುಂಬುತ್ತದೆ, ಕೆಳಗಿಳಿದು ಉಸಿರು ಕಟ್ಟಿಸುತ್ತದೆ. ಮೂವರು ಬಾಗಿಲಿಗೆ ಓಡಿದೆವು. ಶೆಟ್ಟಿ ಊಟಕ್ಕೆ ಕೂತಿದ್ದ.

“ಅದು ಎಷ್ಟನೆಯದು?” ಎಂದೆ.

“ಆರು” ಎಂದ ಶೆಟ್ಟಿ. “ಎಂಟು” ಎಂದ ಪಾಟೀಲ. ಅಲ್ಲೂ ಆ ಎರಡು ಮರಗಳದೇ ವ್ಯತ್ಯಾಸ.

ಒಳಗಿನಿಂದ ಆಯಿಯ ದನಿ ಬಂತು: “ಬೆಳಕಿಂಡಿ ಬಿಡದೆ ಯಾರಾದರೂ ಒಲೆ ಹೂಡುತ್ತಾರೇನೋ? ಯಾರ ಮನೆಯದು, ಅಷ್ಟೂ ತಿಳಿಯದವರದು?”

“ಪಾಟೀಲನದು, ಆಯಿ.”

“ಸರ್ಕಾರಿ ಎಂಜಿನಿಯರ್ ಎಂದಿದ್ದೆಯಲ್ಲ!”

ಪಾಟೀಲ ಕಷಾಯ ಕುಡಿದ.

ತಾಮ್ರದ ಕಥೆ ಇನ್ನೊಂದು. ತಾಮ್ರ ಸಿಗುವುದು ಕಗ್ಗಾಡಿನಲ್ಲಿ, ನಮ್ಮ ಮನೆಯಿಂದ ದೂರ. ಓಡಾಟ ತಪ್ಪಿಸಲು ಮಾಯಾದ್ವಾರ ಕಟ್ಟಬಹುದು. ಎರಡು ದ್ವಾರಗಳಿಗೆ ಒಂದೇ ಹೆಸರಿಟ್ಟರೆ ಒಂದರಲ್ಲಿ ಹೊಕ್ಕು ಇನ್ನೊಂದರಲ್ಲಿ ಹೊರಬರುತ್ತೇವೆ. ಮನೆಯ ದ್ವಾರ ಅಡುಗೆ ಕೋಣೆಯ ಪಕ್ಕ, ಆದ್ದರಿಂದ ಅದೇ ಹೆಸರು ಎಂದು ಮಾತಾಯಿತು. ಭಟ್ಟ ಮನೆಯಲ್ಲಿ ‘ಅಡಿಗೆ’ ಎಂದು ಬರೆದ. ಪಾಟೀಲ ಕಾಡಿನಲ್ಲಿ ‘ಅಡುಗೆ’ ಎಂದು ಬರೆದ. ದ್ವಾರ ತೆರೆಯಲಿಲ್ಲ.

ಒಂದಕ್ಷರ ತಿದ್ದಿದ್ದರೆ ಮುಗಿಯುತ್ತಿತ್ತು. ಇಬ್ಬರೂ ತಿದ್ದಲಿಲ್ಲ. ಭಟ್ಟ ನಿಘಂಟು ತೆಗೆದ. ಪಾಟೀಲ ತನ್ನ ಪ್ರಾಥಮಿಕ ಶಾಲೆಯ ಮೇಷ್ಟ್ರನ್ನು ಸಾಕ್ಷಿಗೆ ಕರೆದ. ಈ ವಾಗ್ವಾದ ನಡೆಯುತ್ತಿರುವಾಗ ಶೆಟ್ಟಿ ಕಾಡಿನಿಂದ ಮನೆಗೆ ನಡೆದೇ ಹೊರಟು ಟ್ರೋಲ್ ಎಂಬ ನೀಲಿ ಮೈಯ ದೈತ್ಯನೊಬ್ಬನ ಕೈಗೆ ಸಿಕ್ಕ. ಅವನ ಲೆಕ್ಕದಲ್ಲಿ ಎಂಟನೆಯದು. ಕೊನೆಗೆ ನಾನೇ ಎರಡೂ ಕಡೆ ‘ಊಟ’ ಎಂದು ಬರೆದೆ. ಹೊಸ ಸೊಸೆ ಮಾಡಿದ ಮೊದಲ ರಾಜಿ.

ದ್ವಾರ ತೆರೆದ ಮೇಲೆ ತಿಳಿಯಿತು, ಲೋಹ ಹಿಡಿದುಕೊಂಡು ಅದರಲ್ಲಿ ದಾಟುವಂತೆಯೇ ಇಲ್ಲ.

“ಜಕಾತಿ ಕಟ್ಟೆ” ಎಂದ ಪಾಟೀಲ. “ಮನುಷ್ಯ ಹೋಗಬಹುದು, ಸರಕು ಹೋಗುವಂತಿಲ್ಲ.”

“ಈಗ ನಿಯಮ ಸಡಿಲಿಸುವ ಸೌಲಭ್ಯ ಕೊಟ್ಟಿದ್ದಾರೆ. ಭಟ್ಟ ಒಪ್ಪಬೇಕಲ್ಲ!” ಎಂದ ಶೆಟ್ಟಿ.

“ಹಾಗೆ ತಂದ ತಾಮ್ರದಲ್ಲಿ ಸತ್ವವಿರುವುದಿಲ್ಲ” ಎಂದ ಭಟ್ಟ. ಮೂವತ್ತು ಮಡಕೆ ಗಂಗೆಯನ್ನು ಕಾಶಿಯಿಂದ ನಡೆದೇ ತಂದವರ ವಂಶವೇನೋ ಎಂಬಂತಹ ಗಾಂಭೀರ್ಯ.

ಮೈಮೇಲೆ 300ಕ್ಕಿಂತ ಹೆಚ್ಚು ತೂಕ ಹೊರುವಂತಿಲ್ಲ. ಹಾಗಾಗಿ ಕೈಗಾಡಿ. ನಾನು ಎತ್ತು. ಶೆಟ್ಟಿ ಹಿಂದಿನಿಂದ ತಳ್ಳುವವನು, ಪಾಟೀಲ ದಾರಿ ತೋರಿಸುವವನು, ಅಂದರೆ ಏನೂ ಮಾಡದವನು. ಏರು ಹತ್ತಿ ದಿಬ್ಬದ ತುದಿ ಮುಟ್ಟಿದಾಗ ಮೈ ಒರೆಸಿಕೊಳ್ಳೋಣವೆಂದು ನಾನು ನಿಜವಾದ ಕೈಯನ್ನು ಕೀಲಿಮಣೆಯಿಂದ ಎತ್ತಲು ನೊಗ ಬಿಟ್ಟೆ. ಗಾಡಿ ಬಂದ ದಾರಿ ಹಿಡಿಯಿತು. ಶೆಟ್ಟಿ ಇನ್ನೂ ಹಿಂದೆಯೇ ಇದ್ದ.

“ಅದೂ ಕೊಲೆ” ಎಂದು ಶೆಟ್ಟಿ ಎದ್ದು ನಿಂತ. “ಹಾಗಾದರೆ ಎಂಟೇ ಆಯಿತು!”

ಲೆಕ್ಕ ಮತ್ತೆ ಮೊದಲಿನಿಂದ.

ಜೇನಿನ ವಿಷಯ ಹೇಳಲೇಬೇಕು. ಭಟ್ಟ ಮನೆಯ ಹಿತ್ತಿಲಿನಲ್ಲಿ ಎಂಟು ಜೇನುಪೆಟ್ಟಿಗೆ ಇಟ್ಟಿದ್ದಾನೆ. ಪೆಟ್ಟಿಗೆಯ ಮುಂದೆ ನಿಂತು ಒತ್ತಿದರೆ ‘ಜೇನ್ನೊಣಗಳು ಸಂತೋಷದಿಂದಿವೆ’ ಎಂದು ಬರೆದು ಬರುತ್ತದೆ. ಜಾಗ ಇಕ್ಕಟ್ಟಾದರೆ ತಮಗೆ ಜಾಗ ಸಾಲದೆಂದು ಹೇಳುತ್ತವೆ. ಭಟ್ಟ ದಿನಾ ಒಂದೊಂದನ್ನೂ ವಿಚಾರಿಸಿ ಬರುತ್ತಾನೆ. “ಎರಡನೆಯ ಸೆಮಿಸ್ಟರಿನಲ್ಲಿ ನನಗೆ ಕಾಮಾಲೆಯಾಗಿ ಹದಿನೈದು ದಿನ ಮಲಗಿದ್ದೆ” ಎಂದ ಪಾಟೀಲ. “ಸಂತೋಷದಿಂದಿದ್ದೀಯಾ ಎಂದು ಒಂದು ದಿನ ಕೇಳಲಿಲ್ಲ ಈತ.”

“ಕೇಳಿದ್ದರೆ ಜಾಗ ಸಾಲದು ಎನ್ನುತ್ತಿದ್ದೆ” ಎಂದ ಭಟ್ಟ.

ಆದರೆ ನಿಜವಾದ ತಕರಾರು ರಾತ್ರಿಯದು. ಆ ಲೋಕದಲ್ಲಿ ರಾತ್ರಿ ಎಂದರೆ ಚಳಿ, ಕತ್ತಲೆ, ಕಾಡಿನಿಂದ ಬರುವ ಕುಳ್ಳರ ಹಿಂಡು. ಹಾಸಿಗೆಯಲ್ಲಿ ಮಲಗಿದರೆ ಕ್ಷಣದಲ್ಲಿ ಬೆಳಗಾಗುತ್ತದೆ, ಆದರೆ ಎಲ್ಲರೂ ಮಲಗಬೇಕು. ಒಬ್ಬ ಎದ್ದಿದ್ದರೂ ರಾತ್ರಿ ಸರಿಯುವುದಿಲ್ಲ. ನಾವು ಆಡುವುದು ಶನಿವಾರ ರಾತ್ರಿ ಹತ್ತಕ್ಕೆ. ಚಳಿಗಾಲದಲ್ಲಿ ಡಬ್ಲಿನ್ನಿನಲ್ಲಿ ಆಗ ಸಂಜೆ ನಾಲ್ಕೂವರೆ. ಮೂವರು ಮಲಗಿ, ಮಾಡಿನ ತೊಲೆ ಎಣಿಸುತ್ತ, “ಶೆಟ್ಟೀ, ಮಲಗೋ” ಎಂದು ಕೂಗುತ್ತಿದ್ದರೆ ಅವನು ಚಹಾಕ್ಕೆ ನೀರಿಡಲು ಹೋಗಿರುತ್ತಾನೆ. ಇಲ್ಲವೇ ಗಡಿಯಾಚೆ ಎಲ್ಲೋ ಸಾಯುತ್ತಿರುತ್ತಾನೆ. ಒಮ್ಮೆ ನಾನು ಹೀಗೆ ಕೂಗಿದ್ದು ಕೇಳಿ ನನ್ನ ಹೆಂಡತಿ ಬಾಗಿಲಿಗೆ ಬಂದು, ಈ ಶೆಟ್ಟಿಯವರು ಯಾರು, ಎಲ್ಲಿ ಮಲಗಬೇಕು ಎಂದು ವಿಚಾರಿಸಿದ್ದಳು. ವಿವರಿಸಲು ಭಾನುವಾರ ಪೂರ್ತಿ ಹಿಡಿಯಿತು.

ಅಪ್ಪೆಹುಳಿಯ ಊಟವಾದ ಮೇಲೆ ಆಯಿ ನಡುಮನೆಯಲ್ಲಿ ನಾಲ್ಕು ಹಾಸಿಗೆ ಹಾಸಿಕೊಟ್ಟರು. ದೀಪ ಆರಿತು. ಗೋಡೆಯ ಕಡೆ ತಿರುಗಿದ ಪಾಟೀಲ ಗೊರಕೆಗೆ ಸಿದ್ಧನಾಗುತ್ತಿದ್ದ. ಭಟ್ಟ ಹೊದಿಕೆಯನ್ನು ನಾಲ್ಕು ಮೂಲೆ ಸಮ ಮಾಡಿ ಹೊದ್ದ. ನನಗೆ ಕಣ್ಣು ಕೂಡಿ ಬರುತ್ತಿತ್ತು.

ಶೆಟ್ಟಿ ಮಾತ್ರ ಗೋಡೆಗೆ ಒರಗಿ ಕೂತಿದ್ದ. ಮೊಬೈಲ್ ಬೆಳಕು ಮುಖದ ಮೇಲೆ ಬಿದ್ದಿತ್ತು. “ಇನ್ನೂ ಒಂದು ಸಾವು ನಿಮ್ಮ ಲೆಕ್ಕದಲ್ಲಿ ತಪ್ಪಿದೆ. ಸಮುದ್ರದ ದೊಡ್ಡ ಹಾವು ದೋಣಿ ಮುಳುಗಿಸಿದ್ದು ಯಾವ ವಾರ?”

“ಮಲಗೋ” ಎಂದ ಭಟ್ಟ.

“ನಿದ್ದೆ ಬರುವುದಿಲ್ಲ ಮಾರಾಯ. ಬಂದು ಮೂರೇ ದಿನ. ನನ್ನ ಮೈಗೆ ಇನ್ನೂ ಸಂಜೆ ಆರು.”

ಒಳಕೋಣೆಯಿಂದ ಆಯಿ ಕೂಗಿದರು: “ಯಾರದು ಇನ್ನೂ ಎದ್ದಿರುವುದು? ಎಲ್ಲರೂ ಮಲಗಿ, ಬೆಳಗಾಗುವುದು ಬೇಡವೇ?”

ಕತ್ತಲಲ್ಲಿ ಒಂದು ಕ್ಷಣ ಯಾರೂ ಮಾತಾಡಲಿಲ್ಲ.

“ಆಯಿಗೆ ಗುಪ್ತಪದ ಕೊಟ್ಟವರು ಯಾರೋ?” ಎಂದ ಪಾಟೀಲ.